ಬದುಕಿದ್ದವನಿಗಾಗಿ ಅವ್ವ ಅತ್ತಳು

ನಾವು ಸಣ್ಣವರಿದ್ದಾಗ, ಬರ ಬಿದ್ದ ವರ್ಷ ದೀಪಾವಳಿ ಮುಗಿಯುವುದೇ ತಡ, ಸಂತಪುರದ ಓಣಿಗಳು ಬಿಕೋ ಅನ್ನುತ್ತಿದ್ದವು. ಇವತ್ತು ಜೊತೆಗೆ ಆಡಿದ ಗೆಳತಿ ನಾಳೆ ಇಲ್ಲ, ಅವರ ಮನೆಗೆ ಬೀಗ. ನನ್ನ ವಯಸ್ಸಿನವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ನೀವೂ ಯಾವುದೋ ಲಾರಿ ಹತ್ತಿ ಹೋದವರೇ ಇದ್ದೀರಿ. ನಮ್ಮ ಪಾಳಿ ಬಂದಾಗ ನನಗೆ ಖುಷಿಯೋ ಖುಷಿ. ಲಾರಿಯಲ್ಲಿ ಕೂರುವುದೇ ದೊಡ್ಡ ಭಾಗ್ಯ ಅಂದುಕೊಂಡಿದ್ದೆ. ಎಂಥ ಖಬರಗೇಡಿ ನಾನು!

ಕೂಲಿಗೆ ಮಂದಿ ಕೂಡಿಸುವ ಮುಕಾದಮನೊಬ್ಬ ಬಂದು ನಮ್ಮನ್ನು ಬೀದರಿನ ಆಚೆ ಕೆಂಪು ಕಲ್ಲಿನ ಖಣಿಗೆ ತುಂಬಿಕೊಂಡು ಹೋದ. ಅಪ್ಪ, ಅವ್ವ, ನಾನು, ಇನ್ನೂ ಮಾತು ಬಾರದ ತಮ್ಮ ಶಿವ್ಯಾ, ಜೊತೆಗೆ ನಮ್ಮ ಓಣಿಯ ಏಳೆಂಟು ಮನೆಯವರು. ಅಲ್ಲಿ ನೆಲ ಕೆಂಪು, ಗಾಳಿ ಕೆಂಪು, ಉಗುಳಿದರೆ ಅದೂ ಕೆಂಪು.

ನಾವು ಇಳಿದ ಸಂಜೆ, ಖಣಿಗೆ ಇಳಿಯುವ ದಾರಿಗೆ ಅಡ್ಡವಾಗಿ, ಬೇವಿನ ಮರದ ಕೆಳಗೆ ಒಂದಿಷ್ಟು ಮಂದಿ ಕೂತಿದ್ದರು. ಮಾತಿಲ್ಲ, ಕತೆಯಿಲ್ಲ. ಹೆಂಗಸರು ತಲೆ ತುಂಬ ಸೆರಗು ಹೊದ್ದಿದ್ದರು. ನಮ್ಮನ್ನು ಕಂಡವರೇ ಮುಖ ತಿರುಗಿಸಿದರು. ಅವರ ಗುಡಿಸಲ ಮುಂದಿನ ಒಲೆಗಳಲ್ಲಿ ಬೂದಿ ಆರಿ ತಣ್ಣಗಾಗಿತ್ತು. ನಡುವೆ ಒಬ್ಬ ಮನುಷ್ಯ ಮುಖದ ಮೇಲೂ ಕಂಬಳಿ ಎಳೆದುಕೊಂಡು ಮಲಗಿದ್ದ.

"ಅಯ್ಯ ಶಿವನೇ, ಸಾವಾಗ್ಯದ," ಅಂದಳು ಅವ್ವ.

ನಮ್ಮ ಕಡೆ ಸಾವಿನ ಮನೆಯಲ್ಲಿ ಒಲೆ ಹೊತ್ತಿಸುವುದಿಲ್ಲ. ನೆರೆಯವರೇ ರೊಟ್ಟಿ ಒಯ್ಯಬೇಕು. ಅವ್ವ ಗಂಟು ಗದಡಿ ಬಿಚ್ಚುವ ಮೊದಲೇ ಮೂರು ಕಲ್ಲು ಹೂಡಿದಳು, ಊರಿಂದ ತಂದ ಜೋಳದ ಹಿಟ್ಟು ನಾದಿ ರೊಟ್ಟಿ ಬಡಿದಳು. ಸುಟ್ಟ ರೊಟ್ಟಿಯ ವಾಸನೆಗೆ ನನ್ನ ಬಾಯಲ್ಲಿ ನೀರೂರಿತು. ಕೈ ಹಾಕಿದ್ದಕ್ಕೆ ಫಟಾರನೆ ಒಂದು ಏಟು ಬಿತ್ತು. ಬುಟ್ಟಿ ತಲೆಯ ಮೇಲಿಟ್ಟುಕೊಂಡು ಹೋದವಳು ಆ ಕಂಬಳಿಯ ಪಕ್ಕ ಕುಕ್ಕರಿಸಿ ದನಿ ತೆಗೆದು ಅತ್ತಳು. "ಅಣ್ಣಾ, ಹೆಂಡ್ರು ಮಕ್ಳಿಗಿ ಯಾರ ಕೈಯಾಗ ಕೊಟ್ಟು ಹೋದ್ಯೋ!"

ಕಂಬಳಿ ಸರಿಯಿತು. ಹೆಣ ಕಣ್ಣು ಬಿಟ್ಟು ಕೇಳಿತು: "ಯಾರ್ ಸತ್ತಾರ್ರಿ?"

ಅವ್ವ ಹೌಹಾರಿ ಹಿಂದಕ್ಕೆ ಬಿದ್ದಳು. ಮರದ ಕೆಳಗಿನ ಮಂದಿಯೆಲ್ಲ ಬಿದ್ದು ಬಿದ್ದು ನಕ್ಕರು. ಆತನ ಹೆಂಡತಿ ತುಳಜಮ್ಮ ನಗುತ್ತ ನಗುತ್ತಲೇ ಅಳತೊಡಗಿದಳು.

"ಯಾರೂ ಸತ್ತಿಲ್ರಿ ಅಕ್ಕ. ಕಲ್ಲು ಬಿದ್ದು ಇವರ ಕಾಲು ಮುರದದ. ಗುತ್ತೇದಾರ ದವಾಖಾನಿಗಿ ಸೈತ ಒಯ್ಲಿಲ್ಲ. ಅದಕ್ಕೇ ಹರತಾಳ ಮಾಡಿ ಎಲ್ಲಾರೂ ಕುಂತೇವಿ. ನಮ್ಮ ಬದಲಿ ಕೆಲಸ ಮಾಡ್ಲಾಕ ನಿಮಗ ತಂದಾರ."

"ನಮಗ ಯಾರೂ ಹೇಳಿಲ್ಲ, ಯವ್ವಾ!"

"ಯಾಕ ಹೇಳ್ತಾರ್ರಿ? ನಾವು ಭಾತಂಬ್ರಾದವ್ರು, ಹಿಂದಿನ ಬರದಾಗ ಹಿಂಗೇ ಬಂದೇವಿ. ಯಾರ ಜಾಗಕ್ಕ ಬಂದೇವಿ ಅಂತ ನಾವೂ ಕೇಳಿಲ್ಲ."

ಆ ರೊಟ್ಟಿಯನ್ನು ಅವರೂ ನಾವೂ ಹಂಚಿಕೊಂಡು ತಿಂದೆವು.

ಬೆಳಗ್ಗೆ ಮುಕಾದಮ ಬಂದು, ಖಣಿಗೆ ಇಳಿಯದವರಿಗೆ ಹಿಟ್ಟಿಲ್ಲ ಅಂದ. ನಮ್ಮ ಓಣಿಯ ಮಂದಿ ಒಬ್ಬೊಬ್ಬರಾಗಿ ತಲೆ ತಗ್ಗಿಸಿ ಇಳಿದರು. ಅಪ್ಪ ಕಲ್ಲು ಮೀಟುವ ಹಾರೆ ಎತ್ತಿಕೊಂಡ. ಅವ್ವ ಅಡ್ಡ ನಿಂತಳು.

"ಆಕಿ ಮನಿಗಿ ರೊಟ್ಟಿ ಒಯ್ದೇನಿ. ಈಗ ಆಕಿ ಕೆಲಸ ಹ್ಯಾಂಗ ಕಸ್ಕೊಳ್ಲಿ?"

"ನಿನ್ನ ಧರ್ಮ ಕಟ್ಕೊಂಡು ಮಕ್ಳು ಉಪಾಸ ಸಾಯ್ಲೇನು?" ಅಪ್ಪ ಗದರಿದ. ಆದರೂ ಹಾರೆ ಕೆಳಗಿಟ್ಟ. ಅವ್ವನ ಮುಖ ನೋಡಿ ಅವನಿಗೂ ಧೈರ್ಯ ಸಾಲಲಿಲ್ಲವೇನೋ.

ನನಗಂತೂ ಅವು ಆಟದ ದಿನಗಳು. ತುಳಜಮ್ಮನ ಮಗಳು ರುಕ್ಕಿ ಜೊತೆ ಕಲ್ಲಿನ ಚೂರು ಆರಿಸಿ ತಂದು ಕಲ್ಲಾಟ ಆಡುತ್ತಿದ್ದೆ. ಅವಳು ಮೋಸಗಾತಿ, ನಾನು ಅವಳಿಗಿಂತ ದೊಡ್ಡ ಮೋಸಗಾತಿ. ಹಿಟ್ಟು ಮುಗಿದ ಮೇಲೆ ಆಟವೂ ರುಚಿಸಲಿಲ್ಲ. ಮರದ ಕೆಳಗೆ ಎಲ್ಲರೂ ನೀರು ಕುಡಿದು ಮಲಗುತ್ತಿದ್ದರು. ಗುತ್ತೇದಾರ ಆ ಕಡೆ ಸುಳಿಯಲೇ ಇಲ್ಲ.

ಒಂದು ಬೆಳಗ್ಗೆ ಶಿವ್ಯಾ ನೆಲದ ಮಣ್ಣು ಬಾಚಿ ಬಾಚಿ ತಿನ್ನುತ್ತಿದ್ದ. ಅವ್ವ ಅವನ ಬಾಯಿಗೆ ಬೆರಳು ಹಾಕಿ ತೆಗೆದಳು. ಅವನು ಕಿರುಚಿ ಮತ್ತೆ ಮಣ್ಣಿಗೇ ಕೈ ಚಾಚಿದ. ಅವ್ವ ಸೆರಗಿನಿಂದ ಅವನ ಬಾಯಿ ಒರೆಸಿದಳು. ಆಮೇಲೆ ಅವನನ್ನು ನನ್ನ ಕಂಕುಳಿಗೆ ಕೊಟ್ಟು, ಕಲ್ಲು ಹೊರುವ ಬುಟ್ಟಿ ಎತ್ತಿಕೊಂಡು ದಾರಿಗೆ ಬಂದಳು. ಹಿಂದೆ ಅಪ್ಪ.

ದಾರಿಯಲ್ಲಿ ಕೂತಿದ್ದ ಗಂಡಸೊಬ್ಬ ಎದ್ದು ಬಾಯಿಗೆ ಬಂದಂತೆ ಬೈಯತೊಡಗಿದ. ತುಳಜಮ್ಮ ಅವನ ತೋಳು ಹಿಡಿದು ಕೂರಿಸಿದಳು. ತನ್ನ ಕಾಲು ಮಡಚಿ ಪಕ್ಕಕ್ಕೆ ಸರಿದು ದಾರಿ ಬಿಟ್ಟಳು.

"ಹೋಗ್ರಿ ಅಕ್ಕ. ಕೂಸು ಮಣ್ಣು ತಿನ್ಲತದ."

ಅವ್ವ ಸೆರಗಿನಲ್ಲಿ ಮುಖ ಮುಚ್ಚಿಕೊಂಡು ಇಳಿದು ಹೋದಳು.

ಸಂಜೆ ಅವಳು ಮೇಲೆ ಬರುವಷ್ಟರಲ್ಲಿ ಬೇವಿನ ಮರದ ಕೆಳಗೆ ಯಾರೂ ಇರಲಿಲ್ಲ. ಮುರಿದ ಕಾಲಿನವನನ್ನು ಬಂಡಿಯಲ್ಲಿ ಹಾಕಿಕೊಂಡು ಅವರು ತಮ್ಮೂರ ಕಡೆಗೆ, ಭಾಲ್ಕಿಯ ಹಾದಿ ಹಿಡಿದಿದ್ದರು. ರುಕ್ಕಿ ಬಂಡಿಯ ಹಿಂದೆ ನಡೆಯುತ್ತ ಒಮ್ಮೆಯೂ ತಿರುಗಿ ನೋಡಲಿಲ್ಲ. ಆ ರಾತ್ರಿ ನಮಗೆ ಹೊಟ್ಟೆ ತುಂಬ ಊಟ. ಅವ್ವ ಮಾತ್ರ ತುತ್ತು ಬಾಯಿಗಿಡಲಿಲ್ಲ.

ಈಗ ನಾನು ಬೀದರಿನಲ್ಲೇ ಇದ್ದೇನೆ. ನಮ್ಮ ಕಾಲೊನಿಯ ಪಕ್ಕ ದೊಡ್ಡ ಕಟ್ಟಡ ಏಳುತ್ತಿದೆ. ಯಾವ ದೇಶದಿಂದ ಬಂದರೋ, ತಗಡಿನ ಶೆಡ್ಡಿನಲ್ಲಿ ಮಂದಿ ಇದ್ದಾರೆ, ಅವರ ಮಕ್ಕಳು ಮರಳಿನಲ್ಲಿ ಆಡುತ್ತವೆ. "ಇವ್ರು ಬಂದು ನಮ್ಮ ಮಂದಿ ಕೆಲಸ ಕಸ್ಕೊಂಡ್ರು ನೋಡ್ರಿ," ಅನ್ನುತ್ತಾರೆ ಎದುರು ಮನೆಯವರು. ಎದುರುಬದುರು ನಿಂತವರು ಒಬ್ಬರ ಮಕ್ಕಳ ಹಸಿವು ಕಂಡು ಒಬ್ಬರು ದಾರಿ ಬಿಡುತ್ತಿದ್ದ ಆ ಕಾಲ ಹೋಯಿತು.

ಅವ್ವ ಕೊನೆಯ ದಿನಗಳಲ್ಲಿ ಮಕ್ಕಳ ಹೆಸರನ್ನೂ ಮರೆತಿದ್ದಳು. ಶಿವ್ಯಾನನ್ನೇ "ನೀ ಯಾರಪ್ಪ" ಎಂದು ಕೇಳುತ್ತಿದ್ದಳು. ತುಳಜಮ್ಮನನ್ನು ಮಾತ್ರ ಮರೆಯಲಿಲ್ಲ.

"ಆಕಿ ನನಗ ಬೈಬೇಕಿತ್ತವ್ವ," ಅನ್ನುತ್ತಿದ್ದಳು. "ಬೈದಿದ್ರ ನಾ ತಡಕೊಳ್ತಿದ್ದೆ."