ಚಪ್ಪಾಳೆ ಕೇಳುವ ಗುರುಶಾಂತ

ಕುವೈತಿನ ಸಾಲ್ಮಿಯಾದ ಎ.ಸಿ. ಮೆಕ್ಯಾನಿಕ್ ಗುರುಶಾಂತ, ಅಲ್ಲಿನ ಕನ್ನಡ ಸಂಘದವರು ಆಡಿದ ಹಳೇ ರೋಮಿನ ಹಾಸ್ಯನಾಟಕದಲ್ಲಿ ಒಡೆಯನನ್ನು ಏಮಾರಿಸುವ ಗುಲಾಮನಾದವನು, ಆ ಪಾತ್ರವನ್ನು ಬಿಡಲೇ ಇಲ್ಲ. ವೀಸಾ ಕೊಟ್ಟ ಅರಬ್ ಧಣಿ, ಕಫೀಲ್, ಫೋನ್ ಮಾಡಿದರೂ ಕನ್ನಡದಲ್ಲೇ "ಅಪ್ಪಣೆ, ಒಡೆಯಾ!" ಎನ್ನುತ್ತಾನೆ. ಆ ಕಾಲದ ನಾಟಕ ಮುಗಿಯುವುದೇ ನಟ ಪ್ರೇಕ್ಷಕರನ್ನು ಚಪ್ಪಾಳೆ ಬೇಡಿ ಪಡೆದಾಗಂತೆ, ಅದಕ್ಕೇ ಪಕ್ಕದ ಮನೆಯ ಶಿವಗಂಗವ್ವನಿಗೆ ಮೊಸರು ತಂದುಕೊಟ್ಟರೂ ರಟ್ಟಿನ ಮುಖವಾಡ ಮುಖಕ್ಕೇರಿಸಿ, "ನಾಟಕ ಮುಗೀತು, ಚಪ್ಪಾಳಿ ತಟ್ರಿ!" ಎಂದು ಬಾಗುತ್ತಾನೆ. ಲಕ್ವಾ ಹೊಡೆದು ಆಕೆಯ ಬಲಗೈ ಬಿದ್ದಮೇಲೂ ಬಿಡಲಿಲ್ಲ. "ಒಂದ ಕೈಲೆ ಹೆಂಗ ತಟ್ಟಲೋ ಖೋಡಿ?" ಎಂದರೆ, "ತಟ್ಟೂತನಕ ನಾಟಕ ಮುಗಿಯಂಗಿಲ್ಲವ್ವಾ!" ಎಂದು ದಿನವೂ ಬಾಗಿಲಲ್ಲೇ ಕಾದ. ಅವನ ಕಾಟಕ್ಕೇ ಬಲಗೈ ದಿನಕ್ಕಿಷ್ಟು ಎಡಗೈಯತ್ತ ಸರಿಯಿತು. ನಿನ್ನೆ ಎರಡೂ ಅಂಗೈ ಕೂಡಿ ಮೆಲ್ಲಗೆ ಸದ್ದಾಯಿತು. ಶಿವಗಂಗವ್ವ ಆ ಕೈಗಳನ್ನು ಹಾಗೇ ಜೋಡಿಸಿ ಅವನಿಗೆ ಮುಗಿದಳು. ಗುಲಾಮ ಮುಖವಾಡ ಕಿತ್ತು, ಕಂಪನಿ ನಾಟಕದ ಪ್ರೇಕ್ಷಕನಂತೆ ಕೂಗಿದ: "ಒನ್ಸ್ ಮೋರ್, ಶಿವಗಂಗವ್ವಾ!"