ಮಂತ್ರಿ ಕಳಿಸಿದ ಹೊದಿಕೆ

ಅಧ್ಯಕ್ಷರ ಅರಮನೆಯ ಮುಂದೆ ಸೇನೆಯ ಗುಂಡು ಹಾರಿ, ಅಧ್ಯಕ್ಷರು ದೇಶ ಬಿಟ್ಟು, ಅದೇ ಸೇನೆಯವರು ಹೊಸಬರನ್ನು ಕೂರಿಸಿದಾಗ ಸಂಪುಟದಲ್ಲಿ ಉಳಿದ ಹಳಬ ಹೆರಿಜೊ ಒಬ್ಬನೇ. ಹಣಕಾಸಿನ ಮಂತ್ರಿ. ತನ್ನ ಕೋಳಿ ಕೂಗಿದರೇ ಬೆಳಗಾಗುವುದೆಂದು ನಂಬಿದ ಮುದುಕಿಯಂತೆ, ತಾನಿಲ್ಲದಿದ್ದರೆ ಖಜಾನೆಯ ಬಾಗಿಲೇ ತೆರೆಯುವುದಿಲ್ಲ ಎಂದು ಅವನು ನಂಬಿದ್ದ.

ಊರಿನಿಂದ ಅಣ್ಣ ಲಾಂತೊ ಫೋನ್ ಮಾಡಿದ. ಅವನು ಶಾಲೆಯ ಮೇಷ್ಟ್ರು.

"ಗುಂಡು ಹೊಡೆದೋರ ಪಕ್ಕ ಕೂತ್ಕೋತೀಯೇನೋ?"

"ನಾನು ಎದ್ದು ಬಂದ್ರೆ ನಿಮ್ಮಂಥ ಮೇಷ್ಟ್ರಿಗೆಲ್ಲ ಸಂಬಳ ಯಾರು ಕೊಡ್ತಾರಣ್ಣ?"

"ಕುರ್ಚಿಗೆ ಅಂಟ್ಕೊಳ್ಳೋನು ನೀನು, ನೆಪ ನನ್ನ ಸಂಬಳದ್ದಾ? ಇರಲಿ, ಶನಿವಾರ ಅಮ್ಮನ್ನ ಗೋರಿಯಿಂದ ಹೊರಗೆ ತರ್ತೀವಿ. ಬಾ, ಎದುರಿಗೇ ಜಗಳ ಆಡೋಣ."

ಏಳು ವರ್ಷಕ್ಕೊಮ್ಮೆ ಬರುವ ದಿನ ಅದು. ಹಿರಿಯರ ಎಲುಬುಗಳನ್ನು ಹೊರತಂದು, ಮಕ್ಕಳು ಕೈಯಾರೆ ಹೊಸ ರೇಷ್ಮೆ ಹೊದಿಸಿ, ಮನೆಯ ಸುದ್ದಿಯನ್ನೆಲ್ಲ ಅವರಿಗೆ ಹೇಳಿ, ಹೆಗಲ ಮೇಲೆ ಹೊತ್ತು ಕುಣಿಯುತ್ತಾರೆ. ಜೋಯಿಸರು ಇಟ್ಟ ದಿನ ಬದಲಾಗುವುದಿಲ್ಲ. ಹೆರಿಜೊನ ಪ್ರಮಾಣವಚನವೂ ಅದೇ ಶನಿವಾರಕ್ಕೆ ಬಿತ್ತು. ರಾಜಧಾನಿ ಬಿಟ್ಟರೆ ಕುರ್ಚಿ ಇನ್ನೊಬ್ಬನ ಪಾಲಾಗುತ್ತಿತ್ತು. ಅವನು ಪೇಟೆಯಲ್ಲೇ ಒಳ್ಳೆಯದೆನ್ನುವ ರೇಷ್ಮೆ ಹೊದಿಕೆ ಕೊಂಡು, ಸರ್ಕಾರಿ ಕಾರಿನಲ್ಲಿ ಡ್ರೈವರ್ ಕೈಲಿ ಕಳಿಸಿಬಿಟ್ಟ. ಎಂಥ ತಪ್ಪು! ನಮ್ಮಲ್ಲಿ ಕಡುಬಡವನೂ ಹಾಗೆ ಮಾಡುವುದಿಲ್ಲ.

ಹೊದಿಕೆ ಮಡಿಕೆ ಬಿಚ್ಚದೆ ಅದೇ ಕಾರಿನಲ್ಲಿ ವಾಪಸು ಬಂತು.

"ಅಣ್ಣ ಏನಂದ?"

ಡ್ರೈವರ್ ನೆಲ ನೋಡಿದ. "ಬಟ್ಟೆ ಕಳಿಸಬೋದು, ಕೈ ಕಳಿಸೋಕಾಗುತ್ತಾ ಅಂದ್ರು ಸಾರ್."

ಹನ್ನೊಂದು ತಿಂಗಳಿಗೆ ಹೆರಿಜೊನನ್ನು ಕಿತ್ತುಹಾಕಿದರು. ಅವನಿಗೆ ಅದು ತಿಳಿದದ್ದು ಗಡ್ಡ ಹೆರೆಯುವಾಗ, ರೇಡಿಯೊದಿಂದ. ಯಾವ ಮುಖ ಹೊತ್ತುಕೊಂಡು ಊರಿಗೆ ಹೋಗುವುದು? ಮುಂದಿನ ಸಲ ಗೋರಿ ತೆರೆದಾಗ ಅಣ್ಣನಲ್ಲಿ ತಪ್ಪಾಯಿತು ಎಂದರಾಯಿತು ಎಂದುಕೊಂಡ. ಐದನೆಯ ವರ್ಷ ಲಾಂತೊ ತೀರಿಕೊಂಡ. ಆಗ ಹೆರಿಜೊನ ಮೇಲೆ ವಿಚಾರಣೆ ನಡೆಯುತ್ತಿತ್ತು, ರಾಜಧಾನಿ ಬಿಡುವಂತಿರಲಿಲ್ಲ. ಅಣ್ಣನ ಮಣ್ಣಿಗೂ ಹೋಗಲಾಗಲಿಲ್ಲ.

ಏಳನೆಯ ವರ್ಷ ಗೋರಿ ತೆರೆದರು. ಮೊದಲು ಅಮ್ಮನನ್ನು ತಂದರು, ಆಮೇಲೆ ಅಣ್ಣನನ್ನು. ವಾದ್ಯದವರು ಊದುತ್ತಿದ್ದರು, ಹಂದಿಮಾಂಸದ ಅನ್ನ ಬೇಯುತ್ತಿತ್ತು. ಅಮ್ಮನಿಗೆ ಹೊಸದನ್ನು ಹೊದಿಸಿ, ವಾಪಸು ಬಂದಿದ್ದ ಆ ಹೊದಿಕೆಯನ್ನು ಹೆರಿಜೊ ಅಣ್ಣನಿಗೆ ಸುತ್ತಿದ. ಗಂಟನ್ನೂ ತನ್ನ ಕೈಯಾರೆ ಹಾಕಿದ.

"ಏನಾದ್ರೂ ಹೇಳೋ, ಕೇಳಿಸ್ಕೋತಾನೆ," ಎಂದಳು ಅಕ್ಕ ನವಾಲುನಾ.

ಸಂಸತ್ತಿನಲ್ಲಿ ಎರಡು ತಾಸು ನಿಂತು ಭಾಷಣ ಮಾಡಿದವನಿಗೆ ಒಂದೇ ಮಾತು ಹೊರಟಿತು.

"ಅಣ್ಣ, ನನ್ನನ್ನ ಕಿತ್ತಾಕಿದ ತಿಂಗಳೂ ನಿನಗೆ ಸಂಬಳ ಬಂತಲ್ವಾ?"

ಅಕ್ಕನೇ ಉತ್ತರ ಕೊಟ್ಟಳು.

"ಸರಿಯಾದ ದಿನಕ್ಕೇ ಬಂತು ಕಣೋ. ಅದರಲ್ಲೇ ಕೋಳಿ ತಂದ. ಕುರ್ಚಿ ಹೋಯ್ತಲ್ಲ, ಇನ್ನಾದ್ರೂ ಮನೆಗೆ ಬರ್ತಾನೆ ಅಂದ. ಕೋಳಿ ಕಾಲು ಚಿಕ್ಕೋನಿಗೇ ಸೇರಬೇಕು ಅಂತ ನಿನಗೆ ಎತ್ತಿಟ್ಟು, ಮೂರು ದಿನ ಕಾದ."