ನಮ್ಮ ಫರ್ಲಾಂಗು, ಇಂಗ್ಲಿಷ್ ಫರ್ಲಾಂಗು

ಮೈಕು ಕೀರಲಬಹುದಿತ್ತು. ಕರೆಂಟು ಹೋಗಬಹುದಿತ್ತು. ಶಾಮಿಯಾನದ ಕಂಬ ಬೀಳಬಹುದಿತ್ತು. ಸದ್ದಿಗೆ ಬೆದರಿದ ಎತ್ತುಗಳು ವೇದಿಕೆಗೇ ನುಗ್ಗಬಹುದಿತ್ತು. ನುಗ್ಗಿದರೆ ಮೊದಲು ಹುಡುಕುವುದು ನನ್ನನ್ನೇ ಎಂಬುದರಲ್ಲಿ ಸಂಶಯವಿರಲಿಲ್ಲ. ನನ್ನ ಗಂಟಲು ಕಟ್ಟಬಹುದಿತ್ತು. ಕಟ್ಟದಿದ್ದರೆ ಅದು ಇನ್ನೂ ದೊಡ್ಡ ಅಪಾಯ, ನಾನು ಮಾತಾಡುತ್ತಲೇ ಇರಬಹುದಿತ್ತು. ಈ ವಯಸ್ಸಿಗೆ ಬರುವಷ್ಟರಲ್ಲಿ ಚಿಂತೆ ಮಾಡುವುದರಲ್ಲಿ ನನ್ನ ಕೈ ಚೆನ್ನಾಗಿ ಪಳಗಿದೆ.

ಕಳೆದ ಬೇಸಿಗೆಯಲ್ಲಿ, ಭೇರ್ಯದ ಹತ್ತಿರ ಕೊಯ್ಲು ಮುಗಿದ ಗದ್ದೆ ಬಯಲಿನಲ್ಲಿ, ನನ್ನ ಬಾಲ್ಯದ ಗೆಳೆಯ ಮೊದಲ ಸಲ ಎತ್ತಿನಗಾಡಿ ಓಟ ಏರ್ಪಡಿಸಿದ್ದ. ಬಾವುಟ ಬೀಸಬೇಕಾದ ಅತಿಥಿ ಅಂತರಸಂತೆಯಿಂದ ಹೊರಟು ಇನ್ನೂ ಹುಣಸೂರು ದಾಟಿರಲಿಲ್ಲ. ಬಿಸಿಲೇರಿತ್ತು, ಜನ ಟವೆಲ್ ಕೊಡವಿಕೊಂಡು ಏಳತೊಡಗಿದ್ದರು. ಖಾಲಿ ಬಯಲಿನಲ್ಲಿ ಅತಿಥಿ ಬಂದಿಳಿದರೆ ಗೆಳೆಯ ಊರಲ್ಲಿ ತಲೆ ಎತ್ತುವಂತಿರಲಿಲ್ಲ.

"ಲೇ, ನಿನ್ ಕುದ್ರೆ ಪುರಾಣ ಸುರು ಮಾಡ್ಲಾ," ಎಂದು ಅವನು ಮೈಕನ್ನು ನನ್ನ ಕೈಗೆ ತುರುಕಿದ. "ದಿನಾ ನನ್ ತಲೆ ತಿಂತೀಯಲ್ಲ, ಇವತ್ತು ಇವ್ರುದ್ದು ತಿನ್ನು."

ನಾನು ಕುದುರೆ ಹತ್ತಿದವನಲ್ಲ. ಟಾಂಗಾದಲ್ಲಿ ಕೂತರೂ ಇಳಿಯುವ ಕಡೆಯೇ ಕಣ್ಣಿಡುವವನು. ಆದರೆ ರೇಸಿನ ಚರಿತ್ರೆ ಓದುವ ಚಟ ಹಳೆಯದು. ಅದನ್ನು ಹೇಳಲು ಕೂತರೆ ಭಯವೂ ಸುಮ್ಮನೆ ಕೂತು ಕೇಳುತ್ತದೆ.

ಶುರು ಮಾಡಿದೆ. ಇಂಗ್ಲೆಂಡಿನ ಒಬ್ಬ ಸೇನಾಧಿಕಾರಿ ಎಳೆ ಕುದುರೆಗಳ ದಮ್ಮು ಪರೀಕ್ಷಿಸಲು ಎರಡು ಮೈಲಿಯ ಓಟವೊಂದನ್ನು ಯೋಚಿಸಿದ. ಮೊದಲ ಸಲ ಗೆದ್ದದ್ದು ಇನ್ನೂ ಹೆಸರೇ ಇಡದ ಒಂದು ಹೆಣ್ಣು ಕುದುರೆ. ಆಮೇಲೆ ದೊಡ್ಡವರೆಲ್ಲ ಊಟಕ್ಕೆ ಸೇರಿದ್ದಾಗ ಓಟಕ್ಕೆ ಆ ಅಧಿಕಾರಿಯ ಹೆಸರಿಟ್ಟರು.

"ಎಸ್ರೇ ಇಲ್ದೆ ಗೆಲ್ತಾ? ಯಾರ್ ಮನೇದು ಸಾ?" ಮುಂದಿನ ಸಾಲಿನಿಂದ ಒಬ್ಬ ಯಜಮಾನರು ಕೇಳಿದರು. ಎದ್ದವರು ಕೂತರು.

ಆ ಓಟ ನಮ್ಮ ದೇಶಕ್ಕೂ ಬಂತು, ಎರಡು ಮೈಲಿಯಿಂದ ಸ್ವಲ್ಪ ಇಳಿಸಿ ಇವತ್ತಿಗೂ ಹದಿನಾಲ್ಕು ಫರ್ಲಾಂಗು ಓಡಿಸುತ್ತಾರೆ ಎಂದೆ.

"ನಮ್ ಫರ್ಲಾಂಗಾ, ಇಂಗ್ಲೀಸ್ ಫರ್ಲಾಂಗಾ?" ಎಂದರು ಅವರೇ.

ಬಯಲೆಲ್ಲ ನಗು. ನಮ್ಮ ಕಡೆ ದಾರಿ ಕೇಳಿದರೆ ಎಲ್ಲರೂ 'ಇಲ್ಲೇ ಒಂದ್ ಫರ್ಲಾಂಗು' ಅನ್ನುವವರೇ. ಬೆವರು ಹರಿಯುವಷ್ಟು ನಡೆದು ಮತ್ತೊಬ್ಬರನ್ನು ಕೇಳಿದರೂ ಅದು ಒಂದೇ ಫರ್ಲಾಂಗು.

"ಇಂಗ್ಲಿಷಿಂದೇ ಯಜಮಾನ್ರೇ. ನಮ್ಮದಾಗಿದ್ರೆ ಕುದುರೆ ಪಿರಿಯಾಪಟ್ಟಣ ಮುಟ್ಟಿರೋದು," ಎಂದೆ.

ಅಲ್ಲಿಂದ ಮುಂದೆ ನನ್ನನ್ನು ಹಿಡಿಯುವವರಿರಲಿಲ್ಲ. ಕೊನೆಯ ತಿರುವು, ಚಿಮ್ಮುವ ಮಣ್ಣು, ಕತ್ತಿಗೆ ಕತ್ತು ತಾಗಿಸಿಕೊಂಡು ಬರುವ ಎರಡು ಕುದುರೆಗಳು, ಎಲ್ಲವನ್ನೂ ಕಣ್ಣಾರೆ ಕಂಡವನ ಹಾಗೆ ಕೂಗಿ ಹೇಳಿದೆ. ಸ್ಪೀಕರುಗಳು ಅದನ್ನು ಸುತ್ತಲಿನ ಹಳ್ಳಿಗಳಿಗೂ ಹಂಚಿದವು. ಅತಿಥಿ ಬಂದಿಳಿದಾಗ ಬಯಲಲ್ಲಿ ಕಾಲಿಡಲು ಜಾಗವಿರಲಿಲ್ಲ. ಬಾವುಟ ಬೀಸಿದರು, ಗಾಡಿಗಳು ಹಾರಿದವು. ಗೆಳೆಯ ನನ್ನ ಬೆನ್ನಿಗೆ ಗುದ್ದಿದ. ಅದು ಅವನ ಸನ್ಮಾನ.

ವೇದಿಕೆ ಇಳಿಯುವಾಗ, ಪಕ್ಕದ ಹಳ್ಳಿಯಿಂದ ಒಳ್ಳೆಯ ಸೀರೆಯುಟ್ಟು ನಡೆದು ಬಂದಿದ್ದ ಅಜ್ಜಿಯೊಬ್ಬರು ತಡೆದರು.

"ಏನಪ್ಪಾ, ಕುದ್ರೆ ಎಲ್ಲಿ ಕಟ್ಟವ್ರೆ?"

"ಕುದುರೆ ಇಲ್ಲ ಅಜ್ಜಿ. ಎತ್ತು."

"ಎತ್ತು ನಮ್ಮನೇಲೇ ಅವೆ ಕಣಪ್ಪ," ಎಂದು ಅವರು ಬಂದ ದಾರಿಗೆ ತಿರುಗಿದರು.